ಕ್ಲೈವನ ಒಂದೇ ಒಂದು ಒಳ್ಳೆಯ ಚಿತ್ರ

ಕ್ಲೈವ್ ಟ್ರೆಗೆಂಜಾ ಮಾಡಿದ ಚಿತ್ರಗಳಲ್ಲಿ ಒಳ್ಳೆಯದು ಒಂದೇ. ಈ ಮಾತನ್ನು ಅವನ ಮುಖಕ್ಕೇ ಎಷ್ಟೋ ಸಲ ಹೇಳಿದ್ದೇನೆ, ಹಾಗಾಗಿ ಈಗ ಬರೆಯಲು ನನಗೇನೂ ಸಂಕೋಚವಿಲ್ಲ. ಅವನ ಎಲ್ಲ ಚಿತ್ರಗಳಿಗೂ ಕತ್ತರಿ ಹಿಡಿದವಳು ನಾನೇ. ನಿರ್ದೇಶಕ ಚಿತ್ರ ಮಾಡುತ್ತಾನೆ ಅಂತ ಜನ ತಿಳಿದಿರುತ್ತಾರೆ. ಅವನು ಬಿಸಿಲಿನಲ್ಲಿ ನಿಂತು ಮಾಡಿಟ್ಟ ಅವಾಂತರವನ್ನೆಲ್ಲ ಕತ್ತಲೆ ಕೋಣೆಯಲ್ಲಿ ಕೂತು ಮಟ್ಟ ಮಾಡುವವರು ನಾವು ಎಡಿಟರುಗಳು. ನಮ್ಮನ್ನು ಯಾರೂ ಕೇಳುವುದಿಲ್ಲ, ಅದು ಇರಲಿ.

ಆ ಒಳ್ಳೆಯ ಚಿತ್ರದ ಹೆಸರು 'ತೊಟ್ಟಿ ಕಾಯುವವಳು'. ಕ್ಲೈವ್ ಮೂಂಟಾ ಊರಿನ ಬೇಕರಿಯವನ ಮಗ. ಅಡಿಲೇಡಿನಲ್ಲಿ ಟಿವಿಯ ಪೊಲೀಸ್ ಧಾರಾವಾಹಿಗಳಿಗೆ ಸಂಭಾಷಣೆ ಬರೆದು ಬರೆದು ರೋಸಿಹೋಗಿ, ಮೂವತ್ತು ದಾಟಿದ ಮೇಲೆ ತನ್ನದೇ ಕತೆಯೊಂದನ್ನು ಬರೆದ. ಉತ್ತರದ ಮರುಭೂಮಿಯ ಅಂಚಿನಲ್ಲಿ ಒಂದು ದನದ ಫಾರ್ಮು. ಬೇಸಿಗೆಯಿಡೀ ಒಬ್ಬಳೇ ಹೆಂಗಸು ಅಲ್ಲಿ ಉಳಿದು, ದಿನಾ ಪಂಪಿನ ಇಂಜಿನ್ ಒದ್ದು ಚಾಲೂ ಮಾಡಿ, ತೊಟ್ಟಿಗೆ ನೀರು ತುಂಬಿಸಿ ದನಗಳಿಗೆ ಕುಡಿಸುತ್ತಾಳೆ. ಫಾರ್ಮನ್ನು ಯಾವತ್ತೋ ಮಾರಿಬಿಟ್ಟಿದ್ದಾರೆ, ಆದರೆ ಅವಳಿಗೆ ಬಂದು ಹೇಳುವ ಸೌಜನ್ಯ ಯಾರಿಗೂ ಇಲ್ಲ. ಅವಳು ನೀರು ತುಂಬಿಸುತ್ತಲೇ ಇರುತ್ತಾಳೆ. ಕತೆ ಇಷ್ಟೇ.

ಆ ಪಾತ್ರಕ್ಕೆ ನಟಿಯನ್ನು ಹುಡುಕುತ್ತ ಅವನು ಅಲ್ಲಿಯ ಮೂಲನಿವಾಸಿಗಳ ಒಂದು ಸಣ್ಣ ಊರಿಗೆ ಹೋದ. ಅಂಗಡಿಯ ಮೆಟ್ಟಿಲ ಮೇಲೆ ಕೂತು ಡಬ್ಬಿಯಿಂದ ಪೀಚ್ ಹಣ್ಣು ತಿನ್ನುತ್ತಿದ್ದ ಹುಡುಗಿಯೊಬ್ಬಳು ಇವನನ್ನು ಒಮ್ಮೆ ನೋಡಿ, ಮತ್ತೆ ತಿನ್ನತೊಡಗಿದಳಂತೆ. ಇವಳೇ ಅಂತ ಕ್ಲೈವ್ ಅಲ್ಲೇ ನಿಶ್ಚಯಿಸಿದ. ಅವಳ ಹೆಸರನ್ನು ನಾನು ಇಲ್ಲಿ ಬರೆಯುವುದಿಲ್ಲ. ಅವಳು ಈಗಿಲ್ಲ. ಅವಳ ಜನ ಸತ್ತವರ ಹೆಸರು ಹೇಳುವುದಿಲ್ಲ, ಫೋಟೋ ನೋಡುವುದಿಲ್ಲ, ದನಿ ಕೇಳುವುದಿಲ್ಲ. ಅದೇ ಹೆಸರಿನ ಇನ್ನೊಬ್ಬರು ಊರಲ್ಲಿದ್ದರೆ ಅವರನ್ನೂ ಆ ಹೆಸರಿನಿಂದ ಕರೆಯುವುದಿಲ್ಲ, ಅದರ ಬದಲು ಕುನ್ಮನಾರಾ ಅನ್ನುತ್ತಾರೆ, ಗಂಡಿಗೂ ಹೆಣ್ಣಿಗೂ ಅದೇ. ದುಃಖ ತೀರಿತು ಅಂತ ಮನೆಯವರಿಗೆ ಅನ್ನಿಸಿ, ಹೆಸರನ್ನು ಬಿಟ್ಟುಕೊಡುವವರೆಗೂ ಹೀಗೇ. ಅವಳ ಹೆಸರನ್ನು ಈಗ ಬಿಟ್ಟುಕೊಟ್ಟಿದ್ದಾರೆ, ಆದರೂ ಬರೆಯಲು ನನ್ನ ಕೈ ಏಳುವುದಿಲ್ಲ.

ಚಿತ್ರ ಯುರೋಪಿಗೆ ಹೋಯಿತು, ಜೊತೆಗೆ ಹೋದವಳು ನಾನು, ಬಹುಮಾನ ತಂದಿತು. ಅಲ್ಲಿಗೂ ಕ್ಲೈವ್ ಬರಲಿಲ್ಲ, ಅದು ಅಡಿಲೇಡಿನಲ್ಲಿ ತೆರೆಕಂಡಾಗಲೂ ಇರಲಿಲ್ಲ. ಅಮೆರಿಕದವರು ಕರೆದರು ಅಂತ ಸೂಟ್‌ಕೇಸ್ ಹಿಡಿದು ಓಡಿದ್ದ. ಅಲ್ಲಿ ವರ್ಷಗಟ್ಟಲೆ ಚಿತ್ರಕತೆ ಬರೆದ, ಒಂದನ್ನೂ ಯಾರೂ ತೆಗೆಯಲಿಲ್ಲ. ಮೊದಲ ಹೆಂಡತಿ ಅಲ್ಲೇ ಅವನನ್ನು ಬಿಟ್ಟಳು, ಒಬ್ಬನೇ ವಾಪಸು ಬಂದ. ಆಮೇಲೆ ಸಿಕ್ಕಿದ್ದನ್ನೆಲ್ಲ ಮಾಡಿದ. ಶಾರ್ಕ್ ಮೀನಿನ ಚಿತ್ರ, ಪೊಲೀಸ್ ಚಿತ್ರ, ಕ್ಯಾರವಾನ್ ಪಾರ್ಕಿನಲ್ಲಿ ನಡೆಯುವ ಒಂದು ಹಾಸ್ಯಚಿತ್ರ. ಆ ಹಾಸ್ಯವನ್ನು ಎಡಿಟ್ ಮಾಡುವಾಗ ನಾನು ನಕ್ಕದ್ದು ನೆನಪಿಲ್ಲ. ಎರಡನೆಯ ಹೆಂಡತಿಯೂ ಬಿಟ್ಟುಹೋದಳು. ಇಬ್ಬರೂ ಕ್ರಿಸ್‌ಮಸ್ಸಿಗೆ ನನಗೆ ಫೋನ್ ಮಾಡುತ್ತಾರೆ, ಅವನಿಗೆ ಮಾಡುತ್ತಿರಲಿಲ್ಲ. ಮಕ್ಕಳಿಲ್ಲ.

ಕೊನೆಯ ವರ್ಷಗಳಲ್ಲಿ ಅವನು ಸೆಮಫೋರಿನ ಸಮುದ್ರದಂಡೆಯಲ್ಲಿ ಒಂದು ಸಣ್ಣ ಮನೆಯಲ್ಲಿದ್ದ. ಬೆಳಿಗ್ಗೆ ಸಮುದ್ರದೊಳಕ್ಕೆ ಚಾಚಿದ ಮರದ ಕಟ್ಟೆಯ ಮೇಲೆ ತುದಿಯವರೆಗೆ ನಡೆದು ಬರುವುದು, ಬೇಕರಿಯಲ್ಲಿ ಒಂದು ಮಾಂಸದ ಪೈ ತಿಂದು ನಮ್ಮಪ್ಪ ಮಾಡುತ್ತಿದ್ದದ್ದು ಇದಕ್ಕಿಂತ ರುಚಿ ಅನ್ನುವುದು. ಬೇಕರಿಯ ಹುಡುಗಿಗೆ ಅದು ಬಾಯಿಪಾಠವಾಗಿತ್ತು. ಸಂಜೆ ನಾನು ಅಡುಗೆ ಮಾಡುವ ಹೊತ್ತಿಗೆ ಸರಿಯಾಗಿ ಫೋನ್ ಮಾಡುತ್ತಿದ್ದ. ವಿಷಯ ಅದೇ. ಇಂಜಿನ್ ಒದೆಯುವ ಶಾಟನ್ನು ನಾನು ಬೇಗ ಕತ್ತರಿಸಿದೆ, ಅದು ಇನ್ನೂ ಸ್ವಲ್ಪ ಇರಬೇಕಿತ್ತು. ಮೂವತ್ತೆಂಟು ವರ್ಷದ ಹಿಂದಿನ ಶಾಟು! ಒಲೆಯ ಮೇಲೆ ಚಾಪ್ಸ್ ಸೀಯುತ್ತಿದೆ, ಇಡು ಮಾರಾಯ ಅಂತ ನಾನು ರೇಗುತ್ತಿದ್ದೆ. ಇಡುತ್ತಿರಲಿಲ್ಲ. ಇಡೀ ದಿನದಲ್ಲಿ ಅವನು ಮಾತಾಡುತ್ತಿದ್ದದ್ದು ಬೇಕರಿಯ ಹುಡುಗಿಯ ಹತ್ತಿರ ಮತ್ತು ನನ್ನ ಹತ್ತಿರ. ನನಗೆ ಅದು ಗೊತ್ತಿತ್ತು, ಗೊತ್ತಿದ್ದೂ ರೇಗುತ್ತಿದ್ದೆ.

ಅಂಥ ಹೊತ್ತಿನಲ್ಲಿ ನಗರದ ಚಿತ್ರೋತ್ಸವದವರಿಗೆ ಅವನ ನೆನಪಾಯಿತು. ಅವನ ಚಿತ್ರಗಳದ್ದೇ ಒಂದು ವಾರ ಮಾಡುತ್ತೇವೆ, 'ತೊಟ್ಟಿ ಕಾಯುವವಳು' ಚಿತ್ರದ ಹಳೆಯ ನೆಗೆಟಿವ್ವನ್ನು ತೊಳೆದು ಹೊಸ ಪ್ರತಿ ಮಾಡಿಸಿದ್ದೇವೆ, ದೊಡ್ಡ ಹಾಲಿನಲ್ಲಿ ಹಾಕುತ್ತೇವೆ ಅಂದರು. ಟಿಲ್ಲಿ ಅನ್ನುವ ಚುರುಕಾದ ಹುಡುಗಿ ಅದರ ಉಸ್ತುವಾರಿ. ಟಿಕೆಟ್ಟುಗಳೆಲ್ಲ ಖಾಲಿಯಾಗಿವೆ ಅಂತ ಅವಳು ಹೇಳಿದ ದಿನ ಕ್ಲೈವ್ ನನ್ನ ಮನೆಗೇ ಬಂದ. ಕುರ್ಚಿಯಲ್ಲಿ ಕೂತು, ಟೀ ಮುಟ್ಟದೆ, ಹೊಟ್ಟೆಯಲ್ಲಿ ಕ್ಯಾನ್ಸರ್ ಇದೆಯಂತೆ ಅಂದ. ಕ್ರಿಸ್‌ಮಸ್ಸಿನವರೆಗೆ ಇರುತ್ತೀರಿ ಅನ್ನುವ ಭರವಸೆಯನ್ನು ಡಾಕ್ಟರು ಕೊಟ್ಟಿಲ್ಲವಂತೆ.

"ತುಂಬಿದ ಹಾಲಲ್ಲಿ ಜನರ ಮಧ್ಯೆ ಕೂತು ಅದನ್ನ ನಾನು ಯಾವತ್ತೂ ನೋಡಿಲ್ಲ, ಲೋರಿ," ಅಂದ. "ಅದೊಂದು ಆಗ್ಬೇಕು. ಆಮೇಲೆ ಏನಾದ್ರೂ ಆಗ್ಲಿ."

ಆ ಮಾತಿಗೆ ನಾನು ಏನೂ ತಮಾಷೆ ಮಾಡಲಿಲ್ಲ.

ಉತ್ಸವಕ್ಕೆ ಮೂರು ವಾರವಿರುವಾಗ ಆ ಮರುಭೂಮಿಯ ಊರಿನಿಂದ ಕ್ಲೈವನಿಗೆ ಫೋನ್ ಬಂತು. ನಟಿಯ ತಮ್ಮ ಲೆಸ್ಟರ್. ಅಕ್ಕ ಹೋದಳು ಅಂದ, ಹೆಸರು ಹೇಳಲಿಲ್ಲ. ಚಿತ್ರ ಹಾಕಬೇಡಿ ಅಂದ. ಅಷ್ಟು ಹೇಳಿ ಫುಟ್‌ಬಾಲ್ ವಿಷಯ ಎರಡು ಮಾತಾಡಿ ಇಟ್ಟುಬಿಟ್ಟ.

ಟಿಲ್ಲಿಗೆ ಇದೇನೂ ದೊಡ್ಡ ಸಂಗತಿಯಲ್ಲ. ನಮ್ಮ ಟಿವಿಯಲ್ಲಿ, ಸಿನಿಮಾದಲ್ಲಿ ಮೊದಲಿಗೆ ಒಂದು ಫಲಕ ತೋರಿಸುತ್ತಾರಲ್ಲ, ತೀರಿಕೊಂಡ ಮೂಲನಿವಾಸಿಗಳ ಚಿತ್ರವೂ ದನಿಯೂ ಇದರಲ್ಲಿರಬಹುದು, ನೋಡುವವರು ಎಚ್ಚರದಿಂದಿರಿ ಅಂತ, ಅದನ್ನು ಹಾಕಿದರೆ ಸಾಕು ಅಂದಳು. ಎಲ್ಲರೂ ಹಾಗೇ ಮಾಡುತ್ತಾರೆ, ಕಾನೂನಿನ ಅಡ್ಡಿಯೂ ಇಲ್ಲ, ಹಕ್ಕು ನಿಮ್ಮದೇ. ಕ್ಲೈವ್ ಆ ಫಲಕಕ್ಕೆ ಜೋತುಬಿದ್ದ. ನಾನು ಮಾತ್ರ, ಅವರನ್ನೇ ಹೋಗಿ ಕೇಳು ಅಂದೆ. ಫೋನಿನಲ್ಲಿ ಕೇಳುವ ಮಾತಲ್ಲ ಇದು. ನನ್ನ ಹಳೆಯ ಕಾರಿನಲ್ಲಿ ಹೊರಟೆವು. ದಾರಿಯುದ್ದಕ್ಕೂ ಅವನು ಏನು ಹೇಳಬೇಕು ಅಂತ ಸಂಭಾಷಣೆ ಬರೆದುಕೊಳ್ಳುವವನ ಹಾಗೆ ತುಟಿ ಆಡಿಸುತ್ತಲೇ ಇದ್ದ. ಕೂಬರ್ ಪೀಡಿಯಲ್ಲಿ ತಂಗಿದಾಗ ತಿಂದದ್ದನ್ನೆಲ್ಲ ಕಕ್ಕಿಕೊಂಡ.

ಸಾವಾದ ಮನೆಯನ್ನು ಬಿಟ್ಟು ಮನೆಯವರೆಲ್ಲ ಊರಾಚೆ ಸೊಪ್ಪಿನ ಚಪ್ಪರದ ಕೆಳಗೆ ಕೂತಿದ್ದರು. ನಾವು ಒಬ್ಬೊಬ್ಬರ ಹತ್ತಿರವೂ ಹೋಗಿ ಮಾತಿಲ್ಲದೆ ಕೈಹಿಡಿದೆವು. ಹೆಂಗಸರು ನಮ್ಮನ್ನು ಕಂಡು ಮತ್ತೊಮ್ಮೆ ದನಿ ತೆಗೆದು ಅತ್ತರು, ನಾವೂ ಅತ್ತೆವು. ತಾಯಿ ಮೋನಾ ಎಂಬತ್ತರ ಮುದುಕಿ. ದುಃಖದ ಗುರುತಾಗಿ ಅವಳ ಕೂದಲನ್ನು ಕತ್ತರಿಸಿದ್ದರು. ಅಳು ಇಳಿದ ಮೇಲೆ ಟೀ ಬಂತು. ಲೆಸ್ಟರ್ ಕ್ಲೈವನನ್ನು ಅಡಿಯಿಂದ ಮುಡಿಯವರೆಗೆ ನೋಡಿದ.

"ಏನ್ ಯಜಮಾನ, ಒಣಗಿ ಕಡ್ಡಿ ಆಗಿದ್ದೀಯ," ಅಂದ. "ಸಿಟಿಲಿ ಅನ್ನ ನೀರು ಹಾಕಲ್ವಾ ನಿಂಗೆ?"

ವಯಸ್ಸಾಯ್ತಲ್ಲ ಅಂತ ಕ್ಲೈವ್ ನಕ್ಕ. ಅಲ್ಲಿ ವಿಷಯಕ್ಕೆ ನೇರವಾಗಿ ಬರುವ ಹಾಗಿಲ್ಲ. ಮಳೆ, ರಸ್ತೆ, ಯಾರ ನಾಯಿ ಯಾರನ್ನು ಕಚ್ಚಿತು, ಇದೆಲ್ಲ ಆಗಬೇಕು. ನಲವತ್ತು ವರ್ಷದಿಂದ ಹೋಗಿಬಂದು ಮಾಡುವ ಕ್ಲೈವನಿಗೆ ಇದು ನನಗಿಂತ ಚೆನ್ನಾಗಿ ಗೊತ್ತು. ಆದರೆ ಅವನಿಗೆ ಪುರುಸೊತ್ತಿರಲಿಲ್ಲ. ಚಿತ್ರದ ಮಾತೆತ್ತಿದ. ಅಡಿಲೇಡಿನ ಹಾಲು ಎಷ್ಟು ದೊಡ್ಡದು, ಪ್ರತಿ ಎಷ್ಟು ಚೆನ್ನಾಗಿ ಬಂದಿದೆ ಅಂತ ಶುರುಮಾಡಿ, ಮಾತಿನ ಭರದಲ್ಲಿ ಅವಳ ಹೆಸರು ಹೇಳಿಬಿಟ್ಟ. ಸೆಟ್ಟಿನಲ್ಲಿ ಕರೆಯುತ್ತಿದ್ದ ಹಾಗೇ, ಮೊಟಕು ಮಾಡಿ, ಮುದ್ದಾಗಿ.

ಹೆಂಗಸರೆಲ್ಲ ತಲೆ ತಗ್ಗಿಸಿದರು. ಮೋನಾ ನಿಧಾನಕ್ಕೆ ಕೈಯೂರಿ ಎದ್ದು, ಸ್ವಲ್ಪ ದೂರ ಹೋಗಿ ನಮಗೆ ಬೆನ್ನು ಮಾಡಿ ನೆಲದ ಮೇಲೆ ಕೂತಳು. ಕ್ಲೈವ್ ಎರಡೂ ಕೈಯಲ್ಲಿ ಮುಖ ಮುಚ್ಚಿಕೊಂಡ. ನನಗೆ ಅವನ ಮೇಲೆ ಎಷ್ಟು ಸಿಟ್ಟು ಬಂತೋ ಅಷ್ಟೇ ಮರುಕವೂ ಬಂತು. ಮುದುಕಿ ತಿರುಗದೆಯೇ ಮಾತಾಡಿದಳು.

"ಆ ಸಿನಿಮಾನ ಮಲಗಿಸು. ನಮಗೆ ಅವಳ ಮುಖ ನೋಡ್ಬೇಕು ಅನ್ಸಿದಾಗ ನಾವೇ ಕರೀತೀವಿ. ಆಗ ತಗೊಂಡು ಬಾ."

ಯಾವಾಗ ಅಂತ ಕ್ಲೈವ್ ಕೇಳಿದ.

"ಅತ್ತು ಮುಗಿದ ಮೇಲೆ."

ಅದು ಒಂದು ವರ್ಷವೂ ಆಗಬಹುದು, ಮೂರೂ ಆಗಬಹುದು. ಇವನಿಗೆ ಕಾಯಿಲೆ ಅಂತ ಹೇಳಿಬಿಡೋಣ ಅಂದುಕೊಂಡು ನಾನು ಬಾಯಿ ತೆರೆದೆ. ಕ್ಲೈವ್ ನನ್ನ ಮೊಣಕೈ ಹಿಡಿದು ಎಷ್ಟು ಜೋರಾಗಿ ಅಮುಕಿದನೆಂದರೆ ನೀಲಿ ಕಲೆ ವಾರ ಕಳೆದರೂ ಹೋಗಲಿಲ್ಲ. ವಾಪಸು ಬರುವಾಗ ದಾರಿಯಲ್ಲಿ ಪೆಟ್ರೋಲ್ ಹಾಕಿಸುತ್ತ ನಾನು ಅವನಿಗೆ ಚೆನ್ನಾಗಿ ಬೈದೆ. ಒಂದು ಮಾತು ಹೇಳಿದ್ದರೆ ಅವರು ಒಪ್ಪುತ್ತಿದ್ದರು, ಕಲ್ಲೆದೆಯವರಲ್ಲ ಅವರು ಅಂದೆ.

"ಮಗಳು ಸತ್ತು ಕೂತಿರೋ ತಾಯಿ ಹತ್ರ ನನ್ನ ಸಾವು ಇಟ್ಕೊಂಡು ಚೌಕಾಶಿ ಮಾಡ್ಲಾ?" ಅಂದ.

ಇಷ್ಟು ಕೇಳಿ ಅವನನ್ನು ದೇವರಂಥವನು ಅಂದುಕೊಳ್ಳಬೇಡಿ. ಊರಿಗೆ ಬಂದ ಮೇಲೆ ಹೊಯ್ದಾಡಿದ. ಟಿಲ್ಲಿಗೆ ಫೋನ್ ಮಾಡಿ ಆ ಫಲಕ ಹಾಕಿ ತೋರಿಸಿಬಿಡಿ ಅಂದ. ಆ ಊರಿಂದ ಯಾರು ಬಂದು ನೋಡುತ್ತಾರೆ, ಅವರಿಗೆ ಗೊತ್ತೇ ಆಗುವುದಿಲ್ಲ ಅಂತ ನನ್ನ ಹತ್ತಿರ ವಾದ ಮಾಡಿದ. ನಾನು ಹೂಂ ಅನ್ನಲಿಲ್ಲ, ಊಹೂಂ ಅನ್ನಲಿಲ್ಲ. ನಿಜ ಹೇಳಬೇಕೆಂದರೆ ಅವನು ತೋರಿಸಲಿ ಅಂತಲೇ ನನ್ನ ಆಸೆ. ಸಾಯುವವನ ಒಂದು ಆಸೆ ಮುಂದಿಟ್ಟುಕೊಂಡು ನ್ಯಾಯ ತೂಗುವಷ್ಟು ದೊಡ್ಡವಳು ನಾನಲ್ಲ. ಮಾರನೆಯ ದಿನ ಅವನೇ ಮತ್ತೆ ಫೋನ್ ಮಾಡಿ ಬೇಡ ಅಂದ. ಟಿಲ್ಲಿ ಬೇಡಿಕೊಂಡಳು, ಆಮೇಲೆ ದನಿ ಗಟ್ಟಿ ಮಾಡಿದಳು. ಬೇಡ ಅಂದರೆ ಬೇಡ ಅಂದ.

ಅದರ ಜಾಗದಲ್ಲಿ ಆ ಕ್ಯಾರವಾನ್ ಪಾರ್ಕಿನ ಹಾಸ್ಯವನ್ನು ಹಾಕಿದರು. ಟಿಕೆಟ್ ಹಣ ವಾಪಸು ಪಡೆಯದೆ ಉಳಿದವರು ಅಲ್ಲೊಬ್ಬರು ಇಲ್ಲೊಬ್ಬರು. ನಗಬೇಕಾದ ಕಡೆ ಯಾರೂ ನಗಲಿಲ್ಲ, ಅಳಬೇಕಾದ ಕಡೆ ಹಿಂದಿನಿಂದ ಯಾರೋ ಕಿಸಕ್ಕೆಂದರು. ಕ್ಲೈವ್ ಕೋಟು ಹಾಕಿಕೊಂಡು ನೆಟ್ಟಗೆ ಕೂತು ಕೊನೆಯವರೆಗೂ ನೋಡಿದ. ಮುಗಿದ ಮೇಲೆ ವೇದಿಕೆಯಲ್ಲಿ ಒಬ್ಬ ಅವನನ್ನು ನಿಮ್ಮ ಪ್ರಸಿದ್ಧ ಚಿತ್ರ ಎಲ್ಲಿ ಅಂತ ಕೇಳಿದ. ಅದು ಮಲಗಿದೆ ಅಂದ ಇವನು. ಜೋಕು ಅಂದುಕೊಂಡು ಜನ ನಕ್ಕರು. ಆ ಸಂಜೆ ಅವನಿಗೆ ಸಿಕ್ಕಿದ ನಗು ಅದೊಂದೇ.

ಅವನ ಮನೆಯಲ್ಲಿ ಹೊಸ ಪ್ರತಿಯ ಒಂದು ಡಿಸ್ಕ್ ಇತ್ತು. ಕೊನೆಯ ವಾರಗಳಲ್ಲಿ ಹಾಸಿಗೆ ಹಿಡಿದು ಗೋಡೆ ನೋಡುತ್ತಿದ್ದವನನ್ನು ಕಂಡು, ಹಾಕಲಾ, ನಾವಿಬ್ಬರೇ ನೋಡೋಣ, ಯಾರಿಗೂ ಹೇಳುವುದಿಲ್ಲ ಅಂದೆ.

"ಮಲಗಿಸು ಅಂದ್ರೆ ಮಲಗಿಸೋದು, ಲೋರಿ," ಅಂದ. "ನಾನೊಬ್ನೇ ನೋಡಿದ್ರೂ ಎಬ್ಬಿಸಿದ ಹಾಗೇ ಅಲ್ವಾ."

ಅವನು ಬದುಕಿನಲ್ಲಿ ಮಾಡಿದ ಒಂದೇ ಒಳ್ಳೆಯ ಕೆಲಸ ಕೈಗೆಟಕುವ ಕಪಾಟಿನಲ್ಲಿತ್ತು, ಅದನ್ನೂ ನೋಡದೆ ನವೆಂಬರಿನಲ್ಲಿ ಹೋದ. ಕೊನೆಗೆ ಅವನನ್ನು ಸೇರಿಸಿದ್ದ ಆಸ್ಪತ್ರೆಯ ಕೆಳಮಹಡಿಗೆ ನಾನು ಕಾಫಿ ಕುಡಿಯಲು ಹೋಗಿದ್ದೆ. ಪಕ್ಕದಲ್ಲಿ ಯಾರೂ ಇರಲಿಲ್ಲ.

ಶವಸಂಸ್ಕಾರಕ್ಕೆ ಬಂದವರನ್ನೆಲ್ಲ ಒಂದು ಮಿನಿ ಬಸ್ಸಿನಲ್ಲಿ ಕೂರಿಸಬಹುದಿತ್ತು. ಪತ್ರಿಕೆಯಲ್ಲಿ ನಾಲ್ಕು ಸಾಲು ಬಂತು, ಅದರಲ್ಲೂ ಚಿತ್ರದ ಹೆಸರು ತಪ್ಪು. ನಾನು ಸಂಪಾದಕರಿಗೆ ಫೋನ್ ಮಾಡಿ ಕೂಗಾಡಿದೆ. ಅವರು ನಯವಾಗಿ ಕೇಳಿಸಿಕೊಂಡು, ಅವರ ಹೆಸರು ಇನ್ನೊಮ್ಮೆ ಹೇಳಿ ಅಂದರು. ಲೆಸ್ಟರನಿಗೂ ಫೋನ್ ಮಾಡಿ ತಿಳಿಸಿದ್ದೆ. ಅವನು ಏನೂ ಹೇಳದೆ ಫೋನ್ ಇಟ್ಟ. ಅಯ್ಯೋ ಪಾಪ ಅನ್ನುವ ಒಂದು ಮಾತೂ ಇಲ್ಲ. ಇವರಿಗಾಗಿ ಅವನು ತನ್ನ ಕೊನೆಯ ಆಸೆ ಬಿಟ್ಟನಲ್ಲ ಅಂತ ನನಗೆ ಮೈಯೆಲ್ಲ ಉರಿಯಿತು. ಆ ಉರಿ ಬಹಳ ಕಾಲ ಇತ್ತು.

ಆಮೇಲೆ ಅಡಿಲೇಡಿನಲ್ಲಿ ಯಾರ ಬಾಯಲ್ಲೂ ಅವನ ಹೆಸರು ಬರಲಿಲ್ಲ. ಹಳೆಯ ಸಿನಿಮಾದವರು ಸೇರಿದರೂ ಮೊಮ್ಮಕ್ಕಳ ಮಾತು, ಮಂಡಿನೋವಿನ ಮಾತು. ಸಂಜೆ ಚಾಪ್ಸ್ ಸೀಯುವ ಹೊತ್ತಿಗೆ ಫೋನ್ ಬಡಿದುಕೊಳ್ಳುತ್ತಿರಲಿಲ್ಲ. ಆ ಫೋನಿಗಾಗಿ ನನ್ನ ಕಿವಿ ಹಾತೊರೆಯುತ್ತದೆ ಅಂತ ನಾನು ಅಂದುಕೊಂಡಿರಲೇ ಇಲ್ಲ. ಒಬ್ಬಳೇ ಕೂತು, ಆ ಶಾಟು ಇನ್ನೂ ಸ್ವಲ್ಪ ಇರಬೇಕಿತ್ತು, ನೀನೇ ಸರಿ ಅಂತ ಖಾಲಿ ಅಡುಗೆಮನೆಗೆ ಹೇಳಿದ್ದೂ ಉಂಟು.

ಎರಡು ವರ್ಷ ಕಳೆದ ಮೇಲೆ ಲೆಸ್ಟರ್ ಫೋನ್ ಮಾಡಿದ.

"ಅಕ್ಕಾ, ಅಮ್ಮ ಹೇಳ್ತಿದ್ದಾಳೆ. ಸಿನಿಮಾ ಎಬ್ಬಿಸಿ ತಗೊಂಡು ಬರ್ಬೇಕಂತೆ."

ಹೋಗಬಾರದು ಅನ್ನುವಷ್ಟು ಸಿಟ್ಟು ಇತ್ತು, ಆದರೂ ಹೋದೆ. ಚಿತ್ರೋತ್ಸವದವರಿಂದ ಪ್ರೊಜೆಕ್ಟರು ಇಸಿದುಕೊಂಡೆ. ಮುಸ್ಸಂಜೆಗೆ ಅಂಗಡಿಯ ಬಿಳಿ ಗೋಡೆಯೇ ಪರದೆ. ಊರಿಗೆ ಊರೇ ಬಂದಿತ್ತು. ಕಂಬಳಿ, ಮಡಚುವ ಕುರ್ಚಿ, ಮಕ್ಕಳು, ಲೆಕ್ಕವಿಲ್ಲದಷ್ಟು ನಾಯಿ. ಅಕ್ಕಪಕ್ಕದ ಊರುಗಳಿಂದ ಲಾರಿಯಲ್ಲಿ ಬಂದವರು ಹಿಂದೆ ನಿಂತಿದ್ದರು. ಅವಳ ಮುಖ ಗೋಡೆಯ ತುಂಬ ಬಂದಾಗ ಹೆಂಗಸರು ಗೊಳೋ ಅಂತ ಅತ್ತರು. ಸ್ವಲ್ಪ ಹೊತ್ತಿಗೇ ನಗು. ಇಂಜಿನ್ ಒದೆಯುವ ಶಾಟಿಗೆ ಯುರೋಪಿನಲ್ಲಿ ಯಾರೂ ನಕ್ಕಿರಲಿಲ್ಲ. ಇಲ್ಲಿ ಮೋನಾ, ನೋಡು ನೋಡು, ಅಪ್ಪನ ಹಾಗೇ ಒದೀತಾಳೆ ಅಂತ ನಕ್ಕು ಕೆಮ್ಮಿದಳು. ಕ್ಲೈವ್ ಕೇಳಿದ್ದ ತುಂಬಿದ ಹಾಲು ಇದೇ. ಅದರ ನಟ್ಟನಡುವೆ ಕೂತಿದ್ದವಳು ನಾನು.

ಚಿತ್ರ ಮುಗಿಯಿತು. ಇವರು ಯಾರೂ ಅವನನ್ನು ನೆನೆಯಲಿಲ್ಲವಲ್ಲ, ನಾನಾದರೂ ಹೇಳುತ್ತೇನೆ ಅಂತ ಎದ್ದು ನಿಂತೆ. ಇದನ್ನು ಮಾಡಿದವನು ಕ್ಲೈವ್ ಅಂತ ಬಾಯಿ ತೆರೆದೆ ಅಷ್ಟೇ. ಪಕ್ಕದಲ್ಲಿದ್ದ ಮೋನಾ ನನ್ನ ಕೈ ಹಿಡಿದು ಕೆಳಗೆಳೆದು, ಹೊಗೆಸೊಪ್ಪಿನ ವಾಸನೆಯ ಅಂಗೈಯನ್ನು ನನ್ನ ಬಾಯಿಗೆ ಅಡ್ಡವಿಟ್ಟಳು.

"ಅನ್ಬೇಡ ಮಗಾ," ಅಂದಳು. "ಅವನಿಗಾಗಿ ಅಳೋದು ಇನ್ನೂ ಮುಗಿದಿಲ್ಲ."

ನಾನು ಪೆದ್ದಿಯ ಹಾಗೆ ಅವಳ ಮುಖ ನೋಡಿದೆ. ಲೆಸ್ಟರ್ ಬಂದು ಪಕ್ಕದಲ್ಲಿ ಕುಕ್ಕರುಗಾಲಲ್ಲಿ ಕೂತ. ಕ್ಲೈವ್ ಹೋದ ಅಂತ ನಾನು ಫೋನ್ ಮಾಡಿದ ದಿನ ಮನೆಯವರೆಲ್ಲ ಮತ್ತೆ ಚಪ್ಪರದ ಕೆಳಗೆ ಹೋಗಿ ಕೂತರಂತೆ. ಮುದುಕಿ ಇನ್ನೊಮ್ಮೆ ಕೂದಲು ಕತ್ತರಿಸಿಕೊಂಡಳಂತೆ. ಪ್ರೊಜೆಕ್ಟರಿನ ವೈರು ಸುತ್ತುತ್ತಿದ್ದ ನಲವತ್ತರ ಒಬ್ಬ ದಢೂತಿ ಆಳನ್ನು ಲೆಸ್ಟರ್ ಗದ್ದದಿಂದ ತೋರಿಸಿದ. ತನ್ನ ದೊಡ್ಡ ಮಗ ಅಂದ.

"ಸಿನಿಮಾ ಆದ ವರ್ಷ ಹುಟ್ಟಿದ್ದು. ಯಜಮಾನನ ಹೆಸರೇ ಇಟ್ವಿ. ಈಗ ಇವನು ಕುನ್ಮನಾರಾ. ಎರಡು ವರ್ಷದಿಂದ ಇವನ ಹೆಂಡ್ತಿನೂ ಹೆಸರು ಹಿಡಿದು ಕರೆದಿಲ್ಲ."

ಕ್ಲೈವನಿಗೆ ಗೊತ್ತಿತ್ತಾ ಅಂತ ಕೇಳಿದೆ, ಹೆಸರು ಹೇಳದೆ. ಲೆಸ್ಟರ್ ಮರಳಿನಲ್ಲಿ ಬೆರಳಾಡಿಸಿದ.

"ಹುಡುಗ ಚಿಕ್ಕವನಿದ್ದಾಗ ಅವನು ಅಮೆರಿಕದಲ್ಲಿದ್ದ. ಆಮೇಲೆ ಬಂದಾಗೆಲ್ಲ ಇವನು ಆಲಿಸ್ ಪೇಟೇಲಿ, ಕೆಲಸದ ಮೇಲೆ. ಬಂದವನು ಬರೀ ಸಿನಿಮಾ ಮಾತೇ ಆಡೋನು, ಮಕ್ಕಳು ಎಷ್ಟು ಅಂತ ಒಂದಿನಾನೂ ಕೇಳ್ಲಿಲ್ಲ. ಅಕ್ಕನ ಸಾವಿಗೆ ಬಂದಾಗ ಇವನ ಕೈನೂ ಹಿಡ್ಕೊಂಡು ಅತ್ತ. ಅಂಥ ಹೊತ್ತಲ್ಲಿ ಹೆಸರು ಹೇಳಿ ಪರಿಚಯ ಮಾಡಿಸ್ತಾರಾ ಅಕ್ಕಾ?"

ಸೆಮಫೋರಿನ ಆ ಮನೆಯಲ್ಲಿ ಗೋಡೆ ನೋಡುತ್ತ ಮಲಗಿದ್ದವನು ನನ್ನ ಕಣ್ಣಿಗೆ ಕಟ್ಟಿದ. ತನ್ನ ಹೆಸರು ತನ್ನೊಂದಿಗೇ ಮುಗಿಯುತ್ತದೆ ಅಂತ ತಿಳಿದೇ ಅವನು ಹೋದ. ಅವನ ಬಗ್ಗೆ ಬರೆಯಬಹುದಾ ಅಂತ ಮೋನಾಳನ್ನು ಕೇಳಿದೆ. ಈಗ ಬೇಡ, ಹೇಳಿ ಕಳಿಸುತ್ತೇವೆ ಅಂದಳು. ಹೋದ ತಿಂಗಳು ಹೇಳಿ ಕಳಿಸಿದರು, ಅದಕ್ಕೇ ಇದನ್ನು ಬರೆದೆ.

ಅವತ್ತು ಸಂಜೆ ಲೆಸ್ಟರನ ಮಗ ವೈರಿನ ಸುರುಳಿಯನ್ನು ಹೆಗಲಿಗೆ ಹಾಕಿಕೊಂಡು ನನ್ನ ಮುಂದೆ ಬಂದು ನಿಂತ.

"ಅತ್ತೇ, ನಾಳೆ ಇನ್ನೊಂದ್ಸಲ ಹಾಕ್ತೀಯಾ?"

"ಹಾಕ್ತೀನಪ್ಪಾ, ಕುನ್ಮನಾರಾ," ಅಂದೆ. ಆ ಹೆಸರಿನಿಂದ ಅವನನ್ನು ಕರೆದದ್ದೇ ತಡ, ಮೋನಾಳ ಮಡಿಲಿಗೆ ತಲೆಯಿಟ್ಟು ಅತ್ತುಬಿಟ್ಟೆ. ಕ್ಲೈವ್ ಸತ್ತಮೇಲೆ ನಾನು ಅತ್ತದ್ದು ಅದೇ ಮೊದಲು.